ಬಾಗಿಲಾಚೆಯ ಕೋಣೆ

ಮೂರು ಭಾಗಗಳ ಆ ವಿಡಿಯೋ ಗೇಮಿನ ಉದ್ದಕ್ಕೂ ಒಬ್ಬ ಹುಡುಗಿ ಕಾಣೆಯಾದ ತಮ್ಮನನ್ನು ಹುಡುಕುತ್ತಾಳೆ. ಕೊನೆಯ ಭಾಗದಲ್ಲಿ ಗಣಿಯ ತಳದ ಕಬ್ಬಿಣದ ಬಾಗಿಲು ಸಿಗುತ್ತದೆ. ಅವಳು ಅದನ್ನು ತಳ್ಳುತ್ತಿದ್ದಂತೆ ಆಟ ಮುಗಿದುಬಿಡುತ್ತದೆ.

ಬಾಗಿಲಾಚೆಯ ಕೋಣೆಯನ್ನು ಕಂಪ್ಯೂಟರಿನಲ್ಲಿ ಕಟ್ಟಿದ್ದವಳು ಪುಟ್ಟಿ. ಈಗ ತಲೆ ನರೆತಿದ್ದರೂ ಮನೆಯವರಿಗೆ ಅವಳು ಪುಟ್ಟಿಯೇ. ಬಿಡುಗಡೆಯ ಗಡಿಬಿಡಿಯಲ್ಲಿ ಕಂಪನಿಯ ಯಜಮಾನರು ಆ ಕೋಣೆಯನ್ನೇ ಕಿತ್ತುಹಾಕಿದ್ದರು.

ಎಷ್ಟೋ ವರ್ಷಗಳ ಮೇಲೆ ಅವರದೇ ಫೋನು. "ಕೊನೇ ಭಾಗ ಹೊಸದಾಗಿ ಬರ್ತಿದೆಯಮ್ಮ. ಹಳೇದು ನೆನೆಸ್ಕೊಂಡು ನಾಲ್ಕು ಮಾತು ಬರೆದುಕೊಡು."

ಅಕ್ಷರ ಮೂಡಲಿಲ್ಲ. ಕೂತಳು, ಎದ್ದಳು, ನೀರು ಹಾಕಿದ ಗಿಡಕ್ಕೇ ಮತ್ತೆ ನೀರು ಹಾಕಿದಳು. ಕೊನೆಗೆ ಗೇಮಿನ ಹಳೆಯ ಕೊನೇ ಭಾಗವನ್ನು ಚೀಲಕ್ಕೆ ತುರುಕಿಕೊಂಡು ಅಕ್ಕನ ಮನೆಗೆ ಹೋದಳು. ಅಕ್ಕ ದರ್ಜಿ, ಅಂಗಡಿಗೆ ಅವತ್ತು ರಜ.

"ಇದನ್ನ ಹಿಡಿಯೋದು ಹೇಗೆ?" ಎನ್ನುತ್ತಲೇ ಅಕ್ಕ ಆಡತೊಡಗಿದಳು. ಆಟದೊಳಗೆ ಹಳ್ಳಕ್ಕೆ ಬಿದ್ದಳು, ಎದ್ದಳು, ಮತ್ತೆ ಅದೇ ಹಳ್ಳಕ್ಕೆ ಬಿದ್ದಳು. ಪುಟ್ಟಿ ಕಿಟಕಿಗೂ ಅಡುಗೆಮನೆಗೂ ಸುತ್ತುತ್ತಿದ್ದಳು. ಸಂಜೆಯ ಹೊತ್ತಿಗೆ ಬಾಗಿಲು ಬಂತು. ಪರದೆ ಕಪ್ಪಾಯಿತು.

"ಒಳಗೆ ಯಾರಿದ್ರು?"

"ತಮ್ಮ. ಒಲೆ ಹಚ್ಕೊಂಡು ಕೂತಿದ್ದ."

"ಮತ್ತೆ ತೋರಿಸ್ಲೇ ಇಲ್ಲ?"

"ಟೈಮಿರ್ಲಿಲ್ಲ."

"ಪಾಪದ ಹುಡುಗೀನ ಇಷ್ಟು ಅಲೆಸಿ ಬಾಗಿಲಲ್ಲೇ ನಿಲ್ಲಿಸಿಬಿಟ್ರಾ? ನನ್ನ ಕೈಯೇ ಬಿದ್ದುಹೋಯ್ತು."

ಪುಟ್ಟಿ ಅಲ್ಲಿಂದಲೇ ಯಜಮಾನರಿಗೆ ಫೋನು ಮಾಡಿದಳು. "ಬರೆಯೋದು ನನ್ನಿಂದಾಗಲ್ಲ ಸರ್. ಕೋಣೆ ಕಟ್ಟಿಕೊಡ್ತೀನಿ."

"ಹಳೇ ಫೈಲು ಒಂದೂ ಉಳಿದಿಲ್ಲವಲ್ಲಮ್ಮ."

"ಮೊದಲಿಂದ ಕಟ್ತೀನಿ."

ಆ ಕಡೆ ನಿಟ್ಟುಸಿರು. "ಒಂದು ತಿಂಗಳು. ಅದರ ಮೇಲೆ ಒಂದು ದಿನವೂ ಕೇಳಬೇಡ."

ಗೋಡೆ, ಒಲೆ, ಮೊಳೆಗೆ ನೇತುಹಾಕಿದ ಒದ್ದೆ ಕೋಟು, ಎಲ್ಲ ಸಲೀಸಾಗಿ ಬಂದವು. ಬಾರದ್ದು ತಮ್ಮನ ಮಾತು. ಹಿಂದೆ ಅವನು, "ಯಾಕಿಷ್ಟು ತಡ?" ಎನ್ನುತ್ತಿದ್ದ. ಆಗ ಅದು ಪುಟ್ಟಿಗೆ ಮೆಚ್ಚುಗೆಯಾಗಿತ್ತು, ಈಗ ಚುಚ್ಚಿತು. ಬರೆದಳು, ಅಳಿಸಿದಳು. ದನಿ ಕೊಡುವವನು ಮೈಕಿನ ಮುಂದೆ ಕಾಯುತ್ತಿದ್ದಾಗ ಚೀಟಿಯಲ್ಲಿ ಗೀಚಿಕೊಟ್ಟಳು: "ಬಾ, ಕಾಲು ಬಿಸಿ ಮಾಡ್ಕೋ."

ಗೇಮು ಬಂತು. ಬಾಗಿಲು ಮುಚ್ಚಿದ್ದರೇ ಚೆನ್ನಾಗಿತ್ತು ಎಂದು ಆಡಿದವರಲ್ಲಿ ಕೆಲವರು ಬರೆದರು. ಅವರ ಮಾತು ಪೂರ್ತಿ ಸುಳ್ಳೆಂದು ಅವಳಿಗೂ ಅನಿಸಲಿಲ್ಲ.

ಒಂದು ಮಧ್ಯಾಹ್ನ ಅಕ್ಕ ಫೋನು ಮಾಡಿದಳು. "ಕೋಣೆಗೆ ಬಂದೆ ಕಣೆ. ಮುಂದೆ ಏನು ಒತ್ತಲಿ?"

"ಏನೂ ಇಲ್ಲ. ಮುಗೀತು."

"ಎಲ್ಲಿ ಮುಗೀತು? ಇಬ್ಬರೂ ಒಲೆ ಮುಂದೆ ಕೂತಿದಾರೆ."

"ನೀನು ಆಫ್ ಮಾಡೋ ತನಕ ಕೂತೇ ಇರ್ತಾರೆ."

"ಹಾಗಾದ್ರೆ ಇರಲಿ ಬಿಡು," ಎಂದಳು ಅಕ್ಕ. ಅವಳ ಹೊಲಿಗೆ ಮಿಷನ್ನಿನ ಸದ್ದು ಶುರುವಾಯಿತು. ಪುಟ್ಟಿ ಫೋನು ಕಿವಿಗೊತ್ತಿಕೊಂಡೇ ತನ್ನ ಮನೆಯ ಉದ್ದಕ್ಕೂ ಓಡಾಡುತ್ತಿದ್ದಳು.