ಹೆಪ್ಪಿನ ಯಂತ್ರ

ಮನೆಗಳು ಅಗಲಕ್ಕೆ ಹರಡುವುದನ್ನು ಬಿಟ್ಟು ಮೇಲಕ್ಕೆ ಬೆಳೆಯತೊಡಗಿದ್ದ ಒಂದು ನಗರವಿತ್ತು. ಅಲ್ಲಿನ ನಲವತ್ತು ಮಹಡಿಯ ಕಟ್ಟಡವೊಂದಕ್ಕೆ ತುಂಗವ್ವ ಎಂಬ ಹೆಂಗಸು ಒಬ್ಬಳೇ ಬಂದು ಸೇರಿಕೊಂಡಳು. ಎಲ್ಲರಿಗೂ ಅವಳು ‘ಸೆವೆಂಟೀನ್ ಬಿ’. ತನ್ನ ಹೆಸರನ್ನು ಇನ್ನೊಬ್ಬರ ಬಾಯಲ್ಲಿ ಕೇಳಿ ಎಂಟು ತಿಂಗಳಾಗಿತ್ತು. ಹೀಗೇ ಬಿಟ್ಟರೆ ತನಗೂ ಅದು ಮರೆತುಹೋದೀತೆಂದು ಅವಳಿಗೆ ದಿಗಿಲು.

ಅವಳ ಸೀಮೆಯಲ್ಲಿ ಹೊಸಬರು ಮೊಸರಿಗೆ ಹೆಪ್ಪನ್ನು ನೆರೆಮನೆಯಿಂದಲೇ ತರುವುದು ವಾಡಿಕೆ. ಹೆಸರು, ಊರು, ಮಂಡಿನೋವು ಎಲ್ಲ ವಿಚಾರಿಸಿದ ಮೇಲೆಯೇ ಒಂದು ಚಮಚ ಹೆಪ್ಪು ಸಿಗುತ್ತಿತ್ತು. ಹಾಗಾಗಿ ಮನೆಯಲ್ಲಿ ಮೊಸರಿದ್ದರೂ ತುಂಗವ್ವ ಬಟ್ಟಲು ಹಿಡಿದು ಎದುರುಮನೆಯ ಬೆಲ್ ಒತ್ತಿದಳು. ಬಾಗಿಲು ನಾಲ್ಕು ಬೆರಳು ತೆರೆಯಿತು.

“ಒಂದ್ ಚಮಚ ಹೆಪ್ಪು ಇದ್ರ ಕೊಡ್ರಿ.”

“ಈಗೆಲ್ಲ ಮನೇಲಿ ಯಾರು ಮೊಸರು ಮಾಡ್ತಾರೆ ಆಂಟಿ? ಫೋನಲ್ಲಿ ಒತ್ತಿದ್ರೆ ಹತ್ತು ನಿಮಿಷಕ್ಕೆ ಬರುತ್ತೆ.”

ಬಾಗಿಲು ಮರ್ಯಾದೆಯಿಂದಲೇ ಮುಚ್ಚಿಕೊಂಡಿತು.

ಅವಳು ದಿನಕ್ಕೊಂದು ಬಾಗಿಲು ತಟ್ಟಿದಳು. ದೂರು ನಿವಾಸಿಗಳ ಸಂಘಕ್ಕೆ ಹೋಯಿತು. ಸಂಘದ ಸೆಕ್ರೆಟರಿ ಒಳ್ಳೆಯ ಮನುಷ್ಯ. ಜನಕ್ಕೆ ಅವನ ಪರಿಚಯ ‘ಸೆಕ್ರೆಟರಿ’ ಎಂದಷ್ಟೇ ಸಹಿ ಇರುವ ಸುತ್ತೋಲೆಗಳ ಮೂಲಕ ಮಾತ್ರ. ಅವನು ಕೆಳಗೆ ಲಿಫ್ಟಿನ ಪಕ್ಕ ಒಂದು ಯಂತ್ರ ಇಡಿಸಿದ. ಗುಂಡಿ ಒತ್ತಿದರೆ ಬಟ್ಟಲಿಗೆ ಒಂದು ಚಮಚ ಹೆಪ್ಪು.

“ಇನ್ನು ನೀವು ಯಾರನ್ನೂ ಕೇಳಬೇಕಾಗಿಲ್ಲಮ್ಮ,” ಎಂದ ಹೆಮ್ಮೆಯಿಂದ.

ಪುಕ್ಕಟೆ ಎಂದ ಮೇಲೆ ಎಲ್ಲರೂ ಬಂದರು. ಸಾಲಿನಲ್ಲಿ ನಿಂತರು, ಫೋನು ನೋಡಿದರು, ಒತ್ತಿದರು, ಹೋದರು.

ಒಂದು ಸೋಮವಾರ ತುಂಗವ್ವ ಯಂತ್ರದ ಬಾಯಿಗೆ ಚಮಚ ತುರುಕಿದಳು. ಯಂತ್ರ ಗರ್ರೆಂದು ನಿಂತಿತು. ಮೆಕ್ಯಾನಿಕ್ ಬರಲು ಒಂದು ಗಂಟೆ. ಒಬ್ಬ ಬೈದ, ಇನ್ನೊಬ್ಬ ದನಿಗೂಡಿಸಿದ, ಎದುರುಮನೆಯವಳು ಕೇಳಿಯೇಬಿಟ್ಟಳು:

“ಆಂಟಿ, ನಿಮ್ಮ ಹೆಸರೇನು?”

“ತುಂಗವ್ವ.”

“ಅಯ್ಯೋ, ನಮ್ಮ ಸೋದರತ್ತೆ ಹೆಸರೂ ತುಂಗವ್ವಾನೇ!”

ಯಂತ್ರ ಪ್ರತಿ ಸೋಮವಾರವೂ ಕೆಡತೊಡಗಿತು. ಮೆಕ್ಯಾನಿಕ್ ತೆಗೆದ ಚಮಚಗಳ ಮೇಲೆ ಹೆಸರು ಕೆತ್ತಿರಲಿಲ್ಲ, ತುಂಗವ್ವ ಜಾಣೆ.

ಐದನೆಯ ಸೋಮವಾರ ಅವಳಿಗೆ ಜ್ವರ. ತಡವಾಗಿ, ಬರಿಗೈಲಿ ಇಳಿದು ಬಂದಳು. ಯಂತ್ರ ಆಗಲೇ ನಿಂತಿತ್ತು. ಸುತ್ತ ಸಂತೆಯಂತೆ ಮಾತು. ಮೆಕ್ಯಾನಿಕ್ ಒಂದು ಸ್ಟೀಲಿನ ಚಮಚ ಎಳೆದು, ಹಿಡಿಕೆಯ ಮೇಲೆ ಕೆತ್ತಿದ್ದ ಹೆಸರನ್ನು ಗಟ್ಟಿಯಾಗಿ ಓದಿದ.

“ಚನ್ನವೀರಯ್ಯ! ಯಾರ್ರೀ ಅದು?”

ಯಾರಿಗೂ ಗೊತ್ತಿರಲಿಲ್ಲ. ಸೆಕ್ರೆಟರಿ ಮಾತ್ರ ಛಾವಣಿ ನೋಡುತ್ತಿದ್ದ. ಕಿವಿಗಳು ಕೆಂಪಾಗಿದ್ದವು.

ತುಂಗವ್ವ ಚಮಚ ಇಸಿದುಕೊಂಡು, ಒರೆಸಿ, ಅವನ ಕೈಗಿಟ್ಟಳು.

“ಯಾವೂರ್ರಿ ನಿಮ್ದು, ಚನ್ನವೀರಯ್ಯನವರ?”

ಅವನು ಬಹಳ ಹೊತ್ತು ಹೇಳಿದ.

ಆ ವರ್ಷದ ಸುತ್ತೋಲೆಯಲ್ಲಿ ಹೀಗಿತ್ತು: ಹೆಪ್ಪಿನ ಯಂತ್ರ ವಾರಕ್ಕೊಮ್ಮೆ ಕೆಡುತ್ತದೆ. ಬದಲಾಯಿಸುವ ಅಗತ್ಯವಿಲ್ಲ.