ಬಿಡುವಿನ ಎರಡು ದಿನ

ಕೋರ್ಟಿನ ಹೊರಗೆ ನಾಲ್ಕು ಜನ ಕೂರುವ ಬೆಂಚು. ಈ ತುದಿಗೆ ಗಣಿತದ ಟೀಚರು, ಆ ತುದಿಗೆ ಅವಳ ಗಂಡನ ಅಕ್ಕ. ಇಬ್ಬರದೂ ಒಂದೇ ಮನೆ, ಒಂದೇ ಶಾಲೆ; ಅಲ್ಲಿ ಅತ್ತಿಗೆ ಕಾಯಂ, ಇವಳು ಒಂಬತ್ತು ವರ್ಷದಿಂದ ತಾತ್ಕಾಲಿಕ. ಇವಳು ಶಾಲೆಯ ಮೇಲೆ ಹಾಕಿದ ಕೇಸಿನಲ್ಲಿ ಇವತ್ತು ಅತ್ತಿಗೆ ಶಾಲೆಯ ಪರ ಸಾಕ್ಷಿ.

"ಫಲಿತಾಂಶದ ಪಟ್ಟಿಗಳನ್ನ ಕೋರ್ಟಿಗೆ ಕೊಡೋ ಮುಂಚೆ ನನಗೊಂದು ಮಾತು ಹೇಳ್ಬೇಕು ಅನ್ನಿಸ್ಲಿಲ್ವೇನೇ?"

"ಹೇಳಿದ್ರೆ ಬೇಡ ಅಂತಿದ್ರಿ, ಅತ್ತಿಗೆ."

"ಅಂತಿದ್ದೆ! ನಾಲ್ಕು ತಿಂಗಳಿಗೆ ನಿವೃತ್ತಿ ನನಗೆ. ನೀನು ಬರೆದದ್ದಕ್ಕೆ ನಾನು ಸಹಿ ಹಾಕಿದೀನಿ ಅಂತಾದ್ರೆ ಪಿಂಚಣಿಗೆ ಕಲ್ಲು ಬೀಳುತ್ತೆ. ಕೆಲಸ ಕೊಡಿಸಿದ್ದು ಯಾರು? ಉಂಡ ಮನೆಗೆ ಎರಡು ಬಗೀತಿದೀಯ."

ಪ್ರತಿ ವರ್ಷ ಪರೀಕ್ಷೆ ಮುಗಿದೊಡನೆ ಶಾಲೆ ಟೀಚರನ್ನು ಎರಡು ದಿನ ಕೆಲಸದಿಂದ ಬಿಡಿಸಿ, ಮೂರನೆಯ ದಿನ ಹೊಸ ಆದೇಶ ಕೊಡುತ್ತಿತ್ತು. ಹಾಗಾಗಿ ಕಾಗದದ ಮೇಲೆ ಅವಳು ವರ್ಷವರ್ಷವೂ ಹೊಸಬಳು. ಕಾಯಂ ಸಂಬಳ ಕೇಳಿದಾಗ ಶಾಲೆ ಹಿಡಿದದ್ದೂ ಅದನ್ನೇ: ಸೇವೆ ಮುರಿದಿದೆ.

ಆದರೆ ಫಲಿತಾಂಶದ ಪಟ್ಟಿ ತಯಾರಾಗುತ್ತಿದ್ದದ್ದೂ ಆ ಎರಡೇ ದಿನಗಳಲ್ಲಿ. ಭಾಷೆ ಕಲಿಸುವ ಅತ್ತಿಗೆಗೆ ಕೂಡುವ ಲೆಕ್ಕವೆಂದರೆ ತಲೆನೋವು. "ಹೇಗೂ ಮನೆಯವಳು, ಬಾ" ಎಂದು ಕರೆದು ತನ್ನ ತರಗತಿಯ ಪಟ್ಟಿಯನ್ನು ಇವಳಿಂದ ಬರೆಸಿ, ಕೆಳಗೆ ತಾರೀಖು ಹಾಕಿ ತಾನು ಸಹಿ ಮಾಡುತ್ತಿದ್ದಳು. ಹಾಜರಿ ಪುಸ್ತಕದಲ್ಲಿ ಇವಳ ಹೆಸರಿನ ಮುಂದೆ ಬರೀ ಗೀಟು. ಒಂಬತ್ತು ವರ್ಷ ತುಟಿಪಿಟಕ್ಕೆನ್ನದೆ ಬರೆದಿದ್ದಳು. ಒಳ್ಳೆಯ ಸೊಸೆ ಅನ್ನಿಸಿಕೊಳ್ಳುವ ಆಸೆಗೋ, ಕೆಲಸ ಹೋದೀತೆಂಬ ಭಯಕ್ಕೋ, ಅವಳಿಗೇ ಬಿಡಿಸಿ ಹೇಳಲು ಬಾರದು.

ಒಳಗೆ ಕರೆ ಬಂತು. ಸಾಕ್ಷಿಕಟ್ಟೆಯಲ್ಲಿ ಅತ್ತಿಗೆ ಸೆರಗು ಹೊದ್ದು ನೆಟ್ಟಗೆ ನಿಂತಳು.

"ಪಟ್ಟಿಯಲ್ಲಿರೋ ಸಹಿ ನಿಮ್ಮದೇ?" ಟೀಚರ ವಕೀಲೆ ಕೇಳಿದಳು.

"ನನ್ನದೇ."

"ಬರವಣಿಗೆ?"

"ಅದೂ ನನ್ನದೇ."

ಟೀಚರಿಗೆ ಅತ್ತಿಗೆ ಸುಳ್ಳು ಹೇಳುತ್ತಾಳೆಂದು ಗೊತ್ತಿತ್ತು; ಇಷ್ಟು ಸಲೀಸಾಗಿ ಹೇಳುತ್ತಾಳೆಂದು ಗೊತ್ತಿರಲಿಲ್ಲ. ಶಾಲೆಯ ವಕೀಲ ಆಗಲೇ ಕಡತ ಕಟ್ಟತೊಡಗಿದ್ದ.

ನ್ಯಾಯಾಧೀಶರು ಪಟ್ಟಿಯನ್ನು ಬೆಳಕಿಗೆ ಹಿಡಿದರು. "ಪ್ರತಿ ಸಾಲಿನ ಕೊನೆಗೆ ಪೆನ್ಸಿಲ್‌ನಲ್ಲಿ ಒಂದು ಸಣ್ಣ ಅಂಕಿ ಇದೆ. ಇದೇನಮ್ಮ?"

"ಅಯ್ಯೋ, ಅದಾ ಸ್ವಾಮಿ? ಮೊತ್ತ ಸರಿಯಿದೆಯಾ ಅಂತ ತಾಳೆ ನೋಡೋ ಗುರುತು. ಇವಳ ಹಾಳು ಚಾಳಿ ಅದು! ಮನೇಲಿ ದಿನಸಿ ಚೀಟಿಗೂ ಹಾಗೇ ಬರೀತಾಳೆ. ಅಳಿಸೇ ಅಂತ ಎಷ್ಟು ಸಲ ಬಡ್ಕೊಂಡ್ರೂ..."

ಮಾತು ಅಲ್ಲಿಗೇ ನಿಂತಿತು. ಒಂಬತ್ತು ವರ್ಷ ಮನೆಯಲ್ಲಿ ದೂರಿ ದೂರಿ ಪಳಗಿದ ನಾಲಿಗೆ, ಕೋರ್ಟಿನಲ್ಲೂ ತನ್ನ ಪಾಡಿಗೆ ತಾನು ದೂರಿಬಿಟ್ಟಿತ್ತು. ಹಿಂದಿನ ಸಾಲಿನಲ್ಲಿ ಯಾರೋ ಕಿಸಕ್ಕೆಂದರು.

"ಹಾಗಾದ್ರೆ ಬರೆದದ್ದು ಯಾರು?" ನ್ಯಾಯಾಧೀಶರು ಕೇಳಿದರು.

ಅತ್ತಿಗೆ ತಿರುಗಿ ಟೀಚರನ್ನು ನೋಡಿದಳು. ಆ ನೋಟಕ್ಕೆ ಯಾವಾಗಲೂ ತಲೆ ತಗ್ಗಿಸುತ್ತಿದ್ದ ಟೀಚರು ಇವತ್ತು ತಗ್ಗಿಸಲಿಲ್ಲ.

"ಅವಳು," ಎಂದಳು ಅತ್ತಿಗೆ. "ಒಂಬತ್ತು ವರ್ಷವೂ ಅವಳೇ. ಆ ಎರಡು ದಿನವೂ ಬಂದಿದ್ಲು."

ನ್ಯಾಯಾಧೀಶರು ಗುಮಾಸ್ತನಿಗೆ ಹೇಳಿ ಅದನ್ನು ಬರೆಸಿದರು. ಸೇವೆ ಮುರಿದಿದೆ ಎಂಬ ವಾದ ಇನ್ನು ನಿಲ್ಲುವುದಿಲ್ಲ ಎಂದರು. ಟೀಚರಿಗೆ ಕೇಳಿಸಿತು; ಆದರೆ ಅವಳು ನೋಡುತ್ತಿದ್ದದ್ದು ಸಾಕ್ಷಿಕಟ್ಟೆ ಇಳಿಯುತ್ತಿದ್ದ ಅತ್ತಿಗೆಯನ್ನು.

ಮೆಟ್ಟಿಲಿಳಿಯುವಾಗ ಮಂಡಿನೋವಿನ ಅತ್ತಿಗೆ ಕಂಬಿ ಹಿಡಿದಳು. ಟೀಚರು ಕೈ ನೀಡಿದಳು.

"ಬೇಡ." ಎರಡು ಮೆಟ್ಟಿಲು ಇಳಿದು ನಿಂತಳು. "ಪಿಂಚಣಿ ನಿಂತ್ರೆ ನಿನ್ನ ಕಾಯಂ ಸಂಬಳದಲ್ಲೇ ನನಗೆ ಊಟ ಹಾಕ್ಬೇಕು, ತಿಳ್ಕೋ."

"ಹಾಕ್ತೀನಿ, ಅತ್ತಿಗೆ."

"ಹಾಕ್ದೆ ಎಲ್ಲಿಗೆ ಹೋಗ್ತೀಯ," ಎಂದಳು ಅತ್ತಿಗೆ, ನಗದೆ.