ಎಡಗಿವಿಯ ಮೇಣ

ಅಪ್ಪನ ಬಲಗಿವಿಯ ಮೇಣ ಸಲೀಸಾಗಿ ಬಂತು. ಎಡಗಿವಿಯಲ್ಲಿ ಕಡ್ಡಿ ಆಡಿಸಿದ ಮಗಳು ಕೈ ತಡೆದಳು. ಅಲ್ಲಿ ಮೇಣವೇ ಇರಲಿಲ್ಲ.

"ಎಲ್ಲೋ ಉದುರಿರ್ಬೇಕು, ಬಿಡು," ಎಂದಳು ತಾಯಿ. ನೀರಿನ ತಂಬಿಗೆ ಅವಳ ಎಡಗೈಯಲ್ಲಿತ್ತು. ಬಲಗೈಯಲ್ಲಿ ಇದ್ದದ್ದು ಮೂರೇ ಬೆರಳು.

ಹೆಣವಾಗಿ ಮಲಗಿದ್ದ ಅಪ್ಪ ನಿನ್ನೆ ಮಧ್ಯಾಹ್ನ ಗಿರಣಿಯ ಕಟ್ಟೆಯ ಮೇಲೆ ತಂತಿಪೆಟ್ಟಿಗೆ ನುಡಿಸುತ್ತಲೇ ಕುಸಿದಿದ್ದ. ಹೊರಗೆ ಅಂಗಳದಲ್ಲಿ ಗಿರಣಿಯ ಹೆಂಗಸರು ಕೆಲಸದ ಬಟ್ಟೆಯಲ್ಲೇ ನಿಂತಿದ್ದರು. ಬಾಗಿಲಿಗೆ ತಲೆ ಹಾಕಿದ ಮೇಸ್ತ್ರಿ ಸಾವಿಗೆ ಬಂದಿದ್ದನೋ ಸಂತೆಗೋ, ಅವನಿಗೇ ಗೊತ್ತು.

"ಸ್ವಲ್ಪ ಬೇಗ ನೋಡಮ್ಮ. ಜೊಂಪು ನುಡಿಸಿ ಕಳ್ಸೋಣ ಅಂದಿದಾರೆ ಮಾಲೀಕರು. ಮಣ್ಣು ಮುಗಿದ್ಮೇಲೆ ಹಾಗೇ ಎಲ್ರೂ ಗಿರಣಿಗೆ."

"ಜೊಂಪು ಬೇಡ," ಎಂದಳು ಮಗಳು. "ಎಚ್ಚರ ಇದ್ದು ಅಳ್ಲಿ. ಅಷ್ಟಾದ್ರೂ ಬಿಡಿ ಅವ್ರಿಗೆ."

"ದುಡಿದ ಮನುಷ್ಯನಿಗೆ ಮರ್ಯಾದೆ ಮಾಡೋಣ ಅಂದ್ರೆ..." ಎಂದು ಗೊಣಗುತ್ತ ಅವನು ಗಡಿಯಾರ ನೋಡಿಕೊಂಡ.

*

ಜೊಂಪು ಎಂದರೆ ಉದ್ದನೆಯ ತಂತಿಪೆಟ್ಟಿಗೆಯನ್ನು ತೊಡೆಯ ಮೇಲಿಟ್ಟು ನುಡಿಸುವ ಸಂಗೀತ. ಕಿವಿಗೆ ಬಿದ್ದರೆ ಸಾಕು, ಕಣ್ಣು ತೆರೆದಿದ್ದಂತೆಯೇ ಕನಸು ಹತ್ತುತ್ತದೆ. ಕೈ ಮಾತ್ರ ರೂಢಿಯ ಕೆಲಸ ಮಾಡುತ್ತಲೇ ಇರುತ್ತದೆ. ಹಿಂದೆ ಇದನ್ನು ಹೆರಿಗೆಯ ನೋವಿಗೆ, ಗಾಯ ಹೊಲಿಯುವಾಗ ನುಡಿಸುತ್ತಿದ್ದರಂತೆ. ನೂಲಿನ ಗಿರಣಿಯವರಿಗೆ ಇದರ ರುಚಿ ಹತ್ತಿತು ನೋಡಿ, ಆಮೇಲೆ ಆಳುಗಳು ದಣಿವೇ ಗೊತ್ತಾಗದೆ ಹನ್ನೆರಡು ಗಂಟೆ ದುಡಿದರು. ನುಡಿಸುವವರಿಗೆ ಮಾತ್ರ ಕನಸಿಲ್ಲ. ಎರಡೂ ಕಿವಿಗೆ ಜೇನುಮೇಣ ತುಂಬಿಕೊಂಡು, ಬೆರಳಿಗೆ ತಾಕುವ ತಂತಿಯ ನಡುಕದ ಮೇಲೇ ನುಡಿಸಬೇಕು.

ಮಗಳಿಗೆ ಆಗ ಎಂಟು ವರ್ಷ. ಗಿರಣಿಯಲ್ಲಿ ದುಡಿಯುತ್ತಿದ್ದ ಅಮ್ಮನಿಗೆ ಊಟದ ಡಬ್ಬಿ ತಂದಿದ್ದಳು. ಜೊಂಪು ಹೊರಗೆ ಸೋರದಿರಲೆಂದು ಹಾಕಿದ್ದ ದಪ್ಪ ಗಾಜಿನ ಬಾಗಿಲಿಗೆ ಮೂಗು ಒತ್ತಿ ನಿಂತಿದ್ದಾಗ ಅಮ್ಮನ ಕೈ ಯಂತ್ರದ ಹಲ್ಲುಗಾಲಿಗೆ ಸಿಕ್ಕಿತು. ನೋವಿಗೆ ಕನಸು ಹರಿದು ಅಮ್ಮ ಕೂಗಿದಳು. ದನಿ ಕೇಳಿಸಲಿಲ್ಲ, ಬಾಯಿ ಕಾಣಿಸಿತು: ನಿಲ್ಸಿ, ನಿಲ್ಸಿ. ಅಕ್ಕಪಕ್ಕದ ಹೆಂಗಸರು ನಗುತ್ತ ನೂಲು ಎಳೆಯುತ್ತಿದ್ದರು. ಹತ್ತು ಹೆಜ್ಜೆ ಆಚೆ ಅಪ್ಪ ಬೆನ್ನು ಹಾಕಿ ಕೂತು ನುಡಿಸುತ್ತಲೇ ಇದ್ದ.

"ಕೇಳಿಸ್ಲಿಲ್ಲ ಮಗಾ, ಮೇಣ ಇತ್ತಲ್ಲ," ಎಂದ ಅವತ್ತು ಸಂಜೆ.

ಆ ಮಾತು ಅವಳ ಗಂಟಲಲ್ಲಿ ಇಳಿಯಲೇ ಇಲ್ಲ. ಇಪ್ಪತ್ತು ವರ್ಷ ಅಪ್ಪನ ಜೊತೆ ಒಂದು ಮಾತಾಡಲಿಲ್ಲ. ಮೇಣ ಹಾಕಿಕೊಂಡವನ ಹತ್ತಿರ ಎಂಥ ಮಾತು?

*

ಕಾಲು ತೊಳೆಯಲು ಬಟ್ಟೆ ಸರಿಸಿದಾಗ ಬಲತೊಡೆಯ ತುಂಬ ಕಪ್ಪು ಚುಕ್ಕೆಗಳು ಕಂಡವು. ಹಳೆಯವು, ಹೊಸವು, ನೂರಾರು.

"ಇದೇನಮ್ಮ?"

"ಕೇಳಿದ್ರೆ ತಿಗಣೆ ಅಂತಿದ್ರು."

ಬಾಗಿಲಲ್ಲಿ ಅಪ್ಪನ ಶಿಷ್ಯೆ ಅವನ ತಂತಿಪೆಟ್ಟಿಗೆ ಹೊತ್ತು ನಿಂತಿದ್ದಳು. ಮೆಲ್ಲಗೆ ಅದನ್ನು ಮಗುಚಿ ತೋರಿಸಿದಳು. ತಳದಲ್ಲಿ ಒಂದು ಸೂಜಿ ನೆಟ್ಟಿತ್ತು.

"ತಿಗಣೆ ಅಲ್ಲ ಅಕ್ಕ. ಅಮ್ಮನ ಕೈ ಹೋದಾಗಿಂದ ಗುರುಗಳು ಎಡಗಿವಿಗೆ ಮೇಣ ಹಾಕ್ತಿರ್ಲಿಲ್ಲ. ಯಾರಾದ್ರೂ ಕೂಗಿದ್ರೆ ಕೇಳ್ಬೇಕು ಅಂತ. ಜೊಂಪು ಹತ್ತೋ ಹಾಗಾದ್ರೆ ತೊಡೆನ ಈ ಸೂಜಿಗೆ ಒತ್ಕೊಳ್ಳೋರು. ನಾಲ್ಕು ಸಲ ನುಡಿಸೋದು ನಿಲ್ಸಿದಾರೆ. ನಾಲ್ಕು ಕೈ ಉಳಿದಿದೆ. ನಾಲ್ಕು ಸಲನೂ ಮೇಸ್ತ್ರಿ ಬಾಯಿಗೆ ಬಂದ ಹಾಗೆ ಬೈದ."

ಮಗಳು ಸೂಜಿಯ ಮೊನೆಯನ್ನು ಬೆರಳಿನಿಂದ ಮುಟ್ಟಿ ನೋಡಿದಳು. "ಒಂದು ಮಾತು ಹೇಳೋಕೆ ಏನಾಗಿತ್ತು ನಮ್ಗೆ?"

"ಹೇಳೋಕೆ ನೀನು ಮಾತಾಡಿಸ್ಬೇಕಿತ್ತಲ್ಲ," ಎಂದಳು ತಾಯಿ.

*

ಹೆಣ ಅಂಗಳಕ್ಕೆ ಬಂತು. ಒಬ್ಬ ಹೆಂಗಸು ಅತ್ತಳು, ಇನ್ನೊಬ್ಬಳು "ನನ್ನ ಕೈ ಉಳಿಸಿದ್ದು ಇವ್ರೇ" ಎಂದು ಶುರುಮಾಡಿದಳು. ಮೇಸ್ತ್ರಿ ತನ್ನ ಕಿವಿಗೆ ಮೇಣ ತುಂಬಿಕೊಂಡು ಶಿಷ್ಯೆಯ ಕಡೆ ಕೈ ಬೀಸಿದ. ತಡೆಯಲು ಹೋದ ಮಗಳ ರಟ್ಟೆಯನ್ನು ಅವನು ಬಲವಾಗಿ ಹಿಡಿದ. ಅವಳು ಸೊಂಟಕ್ಕೆ ಸಿಕ್ಕಿಸಿಕೊಂಡಿದ್ದ ಅಪ್ಪನ ಬಲಗಿವಿಯ ಮೇಣವನ್ನು ಇನ್ನೊಂದು ಕೈಯಲ್ಲಿ ತೆಗೆದು, ಹಲ್ಲಿನಲ್ಲಿ ಎರಡು ಮಾಡಿ ಎರಡೂ ಕಿವಿಗೆ ಒತ್ತಿಕೊಂಡಳು.

ತಂತಿಯ ಮೇಲೆ ಬೆರಳು ಓಡಿತು. ಅಳುತ್ತಿದ್ದವಳ ಬಾಯಿ ನಗುವಿಗೆ ತಿರುಗಿತು. ಇನ್ನೊಬ್ಬಳ ಮಾತು ಅರ್ಧಕ್ಕೇ ನಿಂತಿತು. ಎಲ್ಲರ ಕೈಗಳೂ ಗಾಳಿಯಲ್ಲಿ ನೂಲು ಎಳೆಯತೊಡಗಿದವು. ಅಮ್ಮನೂ ನಗುತ್ತಿದ್ದಳು. ಗಂಡನ ಹೆಣದ ಪಕ್ಕದಲ್ಲಿ ಅವಳ ಮೂರು ಬೆರಳು ಇಲ್ಲದ ನೂಲನ್ನು ಎಳೆಯುತ್ತಿದ್ದವು.

"ನಿಲ್ಸು," ಎಂದು ಮಗಳು ಗಂಟಲು ಹರಿಯುವಂತೆ ಕೂಗಿದಳು. ಅವಳ ಕೂಗು ಅವಳಿಗೇ ಕೇಳಿಸಲಿಲ್ಲ.

ಶಿಷ್ಯೆ ತಲೆ ಎತ್ತಿದಳು. ಅವಳ ಎಡಗಿವಿ ಬರಿದಾಗಿತ್ತು, ಬಲತೊಡೆಯ ಬಟ್ಟೆಯ ಮೇಲೆ ಕಾಸಗಲ ಕೆಂಪು. ಅವಳ ಅಂಗೈ ತಂತಿಗಳ ಮೇಲೆ ಪಟ್ಟನೆ ಒತ್ತಿ ನಿಂತಿತು.

ಕಿವಿಗೆ ಮೇಣ ತುಂಬಿಕೊಂಡಿದ್ದ ಮೇಸ್ತ್ರಿಗೆ ಏನೂ ತಿಳಿಯಲಿಲ್ಲ. ಮಗಳ ರಟ್ಟೆ ಹಿಡಿದೇ ಕಾಲು ಕುಟ್ಟುತ್ತ ಗಡಿಯಾರ ನೋಡುತ್ತಿದ್ದ. ಅವನ ಹಿಂದೆ ಹೆಂಗಸರು ಒಬ್ಬೊಬ್ಬರೇ ಕಣ್ಣು ಮಿಟುಕಿಸಿ, ತಮ್ಮ ಕೈಗಳನ್ನು ನೋಡಿಕೊಂಡು, ಅವನ ಕಡೆ ತಿರುಗಿದರು.

ಅಮ್ಮನ ಬಾಯಿ ತೆರೆಯಿತು. ಮಗಳು ಕೊಸರಿಕೊಂಡು, ಎರಡೂ ಕಿವಿಯ ಮೇಣವನ್ನು ಉಗುರಿನಿಂದ ಕಿತ್ತಳು.